ಮಂಪರು ಔಷಧ: ಪ್ರಮಾಣದಷ್ಟೇ ವೇಳೆಯೂ ಮುಖ್ಯ

ಶಸ್ತ್ರಚಿಕಿತ್ಸೆಗೆ ಮುನ್ನ, ಎಂಡೋಸ್ಕೋಪಿಯಂಥ ತಪಾಸಣೆಗಳಲ್ಲಿ ಹಾಗೂ ತೀವ್ರ ನಿಗಾ ಘಟಕದಲ್ಲಿ ರೋಗಿಯ ಆತಂಕ ತಗ್ಗಿಸಲು ಮಂಪರು ಬರಿಸುವ ಔಷಧಗಳನ್ನು ನೀಡಲಾಗುತ್ತದೆ. ಇವುಗಳ ಗುಣವೂ ಅಪಾಯವೂ ಪ್ರಮಾಣದ ಜೊತೆಗೆ ನೀಡುವ ವೇಳೆಯನ್ನೂ ಅವಲಂಬಿಸಿವೆ.

ಯಾವಾಗ ನೀಡಬೇಕು?

ಮಿಡಜೋಲಾಮ್ ಇಂದು ವ್ಯಾಪಕವಾಗಿ ಬಳಕೆಯಲ್ಲಿರುವ ಔಷಧ. ಮಕ್ಕಳಿಗೆ ಇದನ್ನು ಸಾಮಾನ್ಯವಾಗಿ ಪ್ರತಿ ಕಿಲೋ ತೂಕಕ್ಕೆ 0.5 ಮಿ.ಗ್ರಾಂ.ನಂತೆ, ಅರಿವಳಿಕೆಗೆ 20ರಿಂದ 30 ನಿಮಿಷ ಮೊದಲು ಬಾಯಿಯ ಮೂಲಕ ಕೊಡುತ್ತಾರೆ. ತಡವಾಗಿ ಕೊಟ್ಟರೆ ಮಗು ಅಳುತ್ತಲೇ ಶಸ್ತ್ರಚಿಕಿತ್ಸಾ ಕೊಠಡಿ ಸೇರುತ್ತದೆ. ತೀರಾ ಮುಂಚೆ ಕೊಟ್ಟರೆ ಸರದಿ ಬರುವಷ್ಟರಲ್ಲಿ ಪರಿಣಾಮ ಇಳಿದಿರುತ್ತದೆ.

ರಕ್ತನಾಳದ ಮೂಲಕ ನೀಡಿದಾಗ ಇದರ ಪೂರ್ಣ ಪರಿಣಾಮ ಕಾಣಲು ಕೆಲವು ನಿಮಿಷಗಳು ಬೇಕು. ಈ ಅಂತರದಲ್ಲಿ ಆತುರಪಟ್ಟು ಮತ್ತೊಂದು ಪ್ರಮಾಣ ನೀಡಿದರೆ ಎರಡರ ಪರಿಣಾಮವೂ ಸೇರಿ ಉಸಿರಾಟ ಕುಗ್ಗಬಹುದು. ವೃದ್ಧರಲ್ಲಿ ಮತ್ತು ಮಾರ್ಫಿನ್ ಜಾತಿಯ ನೋವುನಿವಾರಕ ಪಡೆದವರಲ್ಲಿ ಈ ಅಪಾಯ ಹೆಚ್ಚು. ಪ್ರತಿವಿಷವಾದ ಫ್ಲುಮಾಜೆನಿಲ್ ಬೇಗನೆ ಫಲ ನೀಡುತ್ತದೆಯಾದರೂ ಅದರ ಶಕ್ತಿ ಮೊದಲೇ ಮುಗಿದು ರೋಗಿ ಮತ್ತೆ ಮಂಪರಿಗೆ ಜಾರಬಹುದು. ಆದ್ದರಿಂದ ಎಚ್ಚರಗೊಂಡ ಬಳಿಕವೂ ನಿಗಾ ಅಗತ್ಯ.

ಎಲ್ಲರಿಗೂ ಬೇಕೆ?

ಫ್ರಾನ್ಸ್‌ನಲ್ಲಿ 1,062 ರೋಗಿಗಳ ಮೇಲೆ ನಡೆದು 2015ರಲ್ಲಿ ಪ್ರಕಟವಾದ ಅಧ್ಯಯನದ ಪ್ರಕಾರ, ಶಸ್ತ್ರಚಿಕಿತ್ಸೆಗೆ ಮುನ್ನ ನೀಡಿದ ಲೋರಾಜೆಪಾಮ್ ರೋಗಿಗಳ ಅನುಭವವನ್ನು ಉತ್ತಮಪಡಿಸಲಿಲ್ಲ. ಬದಲಿಗೆ ಚೇತರಿಕೆ ತುಸು ವಿಳಂಬವಾಯಿತು.

ತೀವ್ರ ನಿಗಾ ಘಟಕದಲ್ಲಿ ನಿಲ್ಲಿಸುವ ವೇಳೆಯೇ ನಿರ್ಣಾಯಕ. ಷಿಕಾಗೋದಲ್ಲಿ 128 ರೋಗಿಗಳ ಮೇಲೆ ನಡೆದ ಅಧ್ಯಯನ 2000ದಲ್ಲಿ ಪ್ರಕಟವಾಯಿತು. ದಿನಕ್ಕೊಮ್ಮೆ ಔಷಧ ನಿಲ್ಲಿಸಿ ರೋಗಿಯನ್ನು ಎಚ್ಚರಗೊಳಿಸಿದಾಗ ವೆಂಟಿಲೇಟರ್ ಅವಲಂಬನೆಯ ಮಧ್ಯಮ ಅವಧಿ 7.3 ದಿನಗಳಿಂದ 4.9 ದಿನಗಳಿಗೆ ಇಳಿದಿತ್ತು. ಸಾಧ್ಯವಿರುವೆಡೆ ಹಗುರ ಮಂಪರು ಸಾಕೆಂಬುದು ಇಂದಿನ ಮಾರ್ಗಸೂಚಿಗಳ ನಿಲುವು.

ರೋಗಿಗಳು ತಿಳಿದಿರಬೇಕಾದ್ದು

* ಒಪ್ಪಿಗೆ ಪತ್ರಕ್ಕೆ ಸಹಿ ಮಂಪರು ಔಷಧಕ್ಕೆ ಮೊದಲೇ ಆಗಬೇಕು. ಮಂಕಾದ ಮನಸ್ಸಿನಿಂದ ಪಡೆದ ಒಪ್ಪಿಗೆಗೆ ಅರ್ಥವಿಲ್ಲ.
* ಸಾಮಾನ್ಯವಾಗಿ ಲಘು ಆಹಾರವನ್ನು 6 ಗಂಟೆ, ಎದೆಹಾಲನ್ನು 4 ಗಂಟೆ, ನೀರನ್ನು 2 ಗಂಟೆ ಮೊದಲು ನಿಲ್ಲಿಸಬೇಕು.
* ನಿತ್ಯ ಸೇವಿಸುವ ನಿದ್ರೆಮಾತ್ರೆ, ಮದ್ಯಪಾನ ಹಾಗೂ ಗೊರಕೆಯ ತೊಂದರೆಯನ್ನು ಅರಿವಳಿಕೆ ತಜ್ಞರಿಂದ ಮುಚ್ಚಿಡಬಾರದು.
* ಅಂದೇ ಮನೆಗೆ ಮರಳುವವರು ಜೊತೆಗೊಬ್ಬರನ್ನು ಕರೆತರಬೇಕು. 24 ಗಂಟೆ ವಾಹನ ಚಲಾಯಿಸಬಾರದು, ಮಹತ್ವದ ಕಾಗದಪತ್ರಗಳಿಗೆ ಸಹಿ ಹಾಕಬಾರದು.

ಶಸ್ತ್ರಚಿಕಿತ್ಸೆ ಮುಂದೂಡಲ್ಪಟ್ಟರೆ, ಔಷಧವನ್ನು ಈಗಾಗಲೇ ನೀಡಲಾಗಿದೆಯೇ, ಎಷ್ಟು ಗಂಟೆಗೆ ನೀಡಲಾಯಿತು ಎಂಬುದನ್ನು ಬಂಧುಗಳು ಕೇಳಿ ತಿಳಿದುಕೊಳ್ಳುವುದು ಒಳಿತು. ಮುಂದಿನ ಪಾಳಿಯ ಸಿಬ್ಬಂದಿಗೂ ಆ ಮಾಹಿತಿ ತಲುಪಿರಬೇಕು.