ಗಣಿ ಕಂಪನಿಯ ಸಮಾಪನ ಮತ್ತು ಸ್ವತ್ತಿನ ಪ್ರಶ್ನೆ

ಡೋಣಿಯ ನೆರೆಯ ಕಪ್ಪತಗುಡ್ಡದ ಚಿನ್ನಭರಿತ ಶಿಲೆಗಳನ್ನು ಬ್ರೂಸ್ ಫೂಟ್ 1874ರಲ್ಲಿಯೇ ವಿವರಿಸಿದ್ದನು. ಅಲ್ಲಿಗೆ ಬಂದ ಗಣಿ ಕಂಪನಿಗಳು ಹೆಚ್ಚು ಕಾಲ ನಿಲ್ಲಲಿಲ್ಲ. ಕಂಪನಿ ಮುಚ್ಚಿದಾಗ ಸ್ವತ್ತು ಯಾರದೆಂಬ ಪ್ರಶ್ನೆ ತೀವ್ರರೂಪ ತಾಳಿದುದು ಕೋಲಾರದಲ್ಲಿ. 1956ರಲ್ಲಿ ಮೈಸೂರು ಸರ್ಕಾರದ ವಶಕ್ಕೆ ಬಂದ ಅಲ್ಲಿನ ಗಣಿಗಳು 1962ರಲ್ಲಿ ಕೇಂದ್ರಕ್ಕೆ ಸೇರಿದವು. 1972ರಲ್ಲಿ ಭಾರತ್ ಗೋಲ್ಡ್ ಮೈನ್ಸ್ ಕಂಪನಿ ರೂಪುಗೊಂಡಿತು. 2001ರ ಫೆಬ್ರವರಿ 28ರಂದು ಗಣಿಗಳು ಮುಚ್ಚಿದವು.

ಯಂತ್ರಗಳ ಮಾತು ಬೇರೆ, ನೆಲದ ಮಾತು ಬೇರೆ. ಗಣಿ ಗುತ್ತಿಗೆಯು ಅಗೆಯುವ ಹಕ್ಕನ್ನು ಕೊಡುತ್ತದೆಯೇ ಹೊರತು ನೆಲದ ಒಡೆತನವನ್ನಲ್ಲ. ರಾಜ್ಯವು ಭೂಮಿಯ ಮೇಲೆ ಹಕ್ಕು ಮಂಡಿಸಿತು. ಕೇಂದ್ರವು ಕಂಪನಿಯ ಆಸ್ತಿಗೆ ಜಾಗತಿಕ ಟೆಂಡರ್ ಕರೆಯಬಯಸಿತು. ಕಾರ್ಮಿಕ ಸಂಘಗಳು ಗಣಿಯನ್ನು ತಾವೇ ನಡೆಸುವೆವೆಂದವು. 2013ರಲ್ಲಿ ಸುಪ್ರೀಂ ಕೋರ್ಟು ಟೆಂಡರಿಗೆ ಸಮ್ಮತಿಸಿತು. ತಲೆಮಾರುಗಳಿಂದ ಕಾರ್ಮಿಕರು ಬಾಳಿದ ಸಾಲುಮನೆಗಳು ಕಂಪನಿಯ ಲೆಕ್ಕದಲ್ಲಿ ಸ್ವತ್ತು. ಒಳಗಿದ್ದವರಿಗೋ, ಬರಬೇಕಾದ ಬಾಕಿಯಷ್ಟೇ ನ್ಯಾಯವಾದ ಪಾಲು.