ತುಂಗಭದ್ರೆಯ ಎರಡು ದಡಗಳೂ ಜಾತಿಪ್ರಮಾಣಪತ್ರದ ನ್ಯಾಯಮಾನವೂ

ಮುಂಡರಗಿ ತಾಲೂಕಿನ ಕೊರ್ಲಹಳ್ಳಿಯು ತುಂಗಭದ್ರೆಯ ಎಡದಂಡೆಯ ಮೇಲಿರುವ ಗ್ರಾಮ. 1997ರಲ್ಲಿ ಗದಗ ಜಿಲ್ಲೆಯು ರಚಿತವಾಗುವವರೆಗೆ ಇದು ಧಾರವಾಡ ಜಿಲ್ಲೆಗೆ ಸೇರಿದ್ದಿತು. ಆಂಗ್ಲರ ಆಳಿಕೆಯಲ್ಲಿ ಈ ದಂಡೆಯು ಮುಂಬಯಿ ಪ್ರಾಂತ. ಎದುರಿನ ಹೂವಿನಹಡಗಲಿ ಸೀಮೆಯು ಮದರಾಸು ಪ್ರಾಂತದ ಬಳ್ಳಾರಿ ಜಿಲ್ಲೆ. ಹೊಳೆಯ ಗುಂಟ ಕೆಳಗಿಳಿದರೆ ನಿಜಾಮನ ಕೊಪ್ಪಳ ಸೀಮೆ. ಭಾಷೆಯೂ ಬಳಕೆಯೂ ಒಂದೇ ಆಗಿದ್ದ ಜನರನ್ನು ಮೂರು ಆಡಳಿತಗಳು ಹಂಚಿಕೊಂಡಿದ್ದುವು. ಜಾತಿಪ್ರಮಾಣಪತ್ರದ ಇತಿಹಾಸವನ್ನು ಪರಿಶೀಲಿಸುವವರಿಗೆ ಈ ಗಡಿಯ ಸಂಗತಿಯು ಮುಖ್ಯವಾದುದು.

ಪ್ರಮಾಣಪತ್ರವು ಯಾರಿಗೂ ಜಾತಿಯನ್ನು ಕೊಡತಕ್ಕದ್ದಲ್ಲ. ಅರ್ಜಿದಾರನು ಯಾದಿಯಲ್ಲಿ ಹೇಳಿದ ಸಮುದಾಯಕ್ಕೆ ಸೇರಿದವನೆಂದು ಸಾಕ್ಷಿ ನುಡಿಯತಕ್ಕದ್ದು. ಆದಕಾರಣ ಯಾದಿಯ ಚರಿತ್ರೆಯೇ ಪತ್ರದ ಚರಿತ್ರೆಗೆ ಮೂಲ. 1935ರ ಕಾಯಿದೆಯನ್ವಯ 1936ರಲ್ಲಿ ಹೊರಟ ಆಜ್ಞೆಯು ಪ್ರಾಂತಪ್ರಾಂತಕ್ಕೆ ಬೇರೆ ಯಾದಿಯನ್ನಿತ್ತಿತು. ಸಂವಿಧಾನದ 341, 342ನೆಯ ವಿಧಿಗಳ ಮೇರೆಗೆ 1950ರಲ್ಲಿ ರಾಷ್ಟ್ರಪತಿಗಳು ಹೊರಡಿಸಿದ ಆಜ್ಞೆಗಳೂ ಈ ಕ್ರಮವನ್ನೇ ಅನುಸರಿಸಿದುವು. 1956ರಲ್ಲಿ ಕನ್ನಡ ಸೀಮೆಗಳು ಒಂದಾದುವು, ಯಾದಿಗಳು ಒಂದಾಗಲಿಲ್ಲ. ಮೈಸೂರಿನ ಯಾದಿಯಲ್ಲಿ 1950ರಿಂದಲೇ ಇದ್ದ ಲಂಬಾಣಿಯ ಹೆಸರು ಧಾರವಾಡ ಜಿಲ್ಲೆಗೆ ಅನ್ವಯಿಸುತ್ತಿರಲಿಲ್ಲ. ಒಂದೇ ರಾಜ್ಯದೊಳಗೆ ಒಂದೇ ಜನಾಂಗದವರು ವಾಸಸ್ಥಳದ ಮೂಲಕ ಭಿನ್ನರೆನಿಸಿದರು. 1976ರ ತಿದ್ದುಪಡಿ ಕಾಯಿದೆಯು 1977ನೆಯ ಜುಲೈ 27ರಂದು ಜಾರಿಗೆ ಬಂದು ಈ ಸ್ಥಳಭೇದವನ್ನು ಬಹುಮಟ್ಟಿಗೆ ಅಳಿಸಿತು.

ಎರಡನೆಯ ತೊಡಕು ಹೆಸರಿನದು. ಮೈಸೂರು ಸರಕಾರವು 1946ರಲ್ಲಿ ವೊಡ್ಡರೆಂಬ ಹೆಸರಿಗೆ ಬದಲಾಗಿ ಭೋವಿ ಎಂಬುದನ್ನು ಅಂಗೀಕರಿಸಿತು. 1950ರ ಆಜ್ಞೆಯಲ್ಲಿ ಭೋವಿಯೆಂದಷ್ಟೇ ಇದ್ದಿತು. ಬಸವಲಿಂಗಪ್ಪ–ಮುನಿಚಿನ್ನಪ್ಪ ವ್ಯಾಜ್ಯದಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ಹೆಸರು ಯಾರನ್ನು ಸೂಚಿಸುವುದೆಂದು ತಿಳಿಯಲು ಸಾಕ್ಷ್ಯವನ್ನು ಪರಿಗಣಿಸಿತು. ಆದರೆ ಅದು ವಿಶೇಷ ಸಂದರ್ಭವೆಂದು ಭಾವಿಸಿ, 2000ನೆಯ ಇಸವಿಯ ಮಿಲಿಂದ್ ತೀರ್ಪಿನಲ್ಲಿ ಯಾದಿಯನ್ನು ಇದ್ದಂತೆಯೇ ಓದಬೇಕು, ತಿದ್ದುವ ಅಧಿಕಾರ ಸಂಸತ್ತಿನದೇ ಎಂದು ವಿಧಿಸಲಾಯಿತು. ಬೇಡ, ಬೇಡರ್, ವಾಲ್ಮೀಕಿ ಮೊದಲಾದ ಹೆಸರುಗಳು 1991ರಲ್ಲಿಯೂ, ತಳವಾರ, ಪರಿವಾರಗಳು 2020ರಲ್ಲಿಯೂ ಪರಿಶಿಷ್ಟ ಬುಡಕಟ್ಟುಗಳ ಯಾದಿಗೆ ಸೇರಿದುದು ಸಂಸತ್ತಿನ ಮೂಲಕವೇ. ತಳವಾರವೆಂಬುದು ಊರ ಕಾವಲಿನ ವೃತ್ತಿಯ ಹೆಸರೂ ಆದುದರಿಂದ, ಹೆಸರಿನ ಸಾಮ್ಯವೊಂದೇ ಸಾಲದೆಂಬುದು ಸ್ಪಷ್ಟ.

ಮೂರನೆಯದು ಪುರಾವೆ. ಕರ್ನಾಟಕದ 1990ರ ಮೀಸಲಾತಿ ಕಾಯಿದೆ ಮತ್ತು 1992ರ ನಿಯಮಗಳ ಮೇರೆಗೆ ತಹಶೀಲ್ದಾರನು ವಿಚಾರಿಸಿ ಪತ್ರವನ್ನು ಕೊಡುವನು. ಜಿಲ್ಲಾ ಪರಿಶೀಲನಾ ಸಮಿತಿಯು ಅದರ ಸಿಂಧುತ್ವವನ್ನು ನೋಡುವುದು. 1994ರ ಮಾಧುರಿ ಪಾಟೀಲ ತೀರ್ಪು ದೇಶಕ್ಕೆಲ್ಲ ಪರಿಶೀಲನೆಯ ಕ್ರಮವನ್ನು ಹಾಕಿಕೊಟ್ಟು, ಸಂವಿಧಾನಪೂರ್ವದ ದಾಖಲೆಗಳಿಗೆ ಹೆಚ್ಚಿನ ಬೆಲೆಯನ್ನಿತ್ತಿತು. ಸಿದ್ಧಪಡಿಸುವ ಹೊಣೆಯು ಅರ್ಜಿದಾರನದೇ. ಸುಳ್ಳು ಪತ್ರದಿಂದ ಅರ್ಹನ ಪಾಲು ಅಪಹೃತವಾಗುವುದರಿಂದ ಈ ಬಿಗಿಯು ಅವಶ್ಯವೆಂಬುದು ನಿಜ. ಆದರೆ 1950ಕ್ಕೆ ಮೊದಲು ಶಾಲೆಯ ಮೆಟ್ಟಿಲನ್ನೇ ಹತ್ತದ ಮನೆತನಕ್ಕೆ ಶಾಲೆಯ ದಾಖಲೆಯೆಲ್ಲಿಯದು? ಯಾರ ವಂಚನೆಯನ್ನು ನೀಗಿಸಲು ಮೀಸಲು ಹುಟ್ಟಿತೋ ಆ ವಂಚನೆಯೇ ಅವರ ಕೈಯ ಪುರಾವೆಯನ್ನೂ ಕಸಿದಿರುವುದು. ಅಂಥವರಿಗೆ ಆಚಾರ, ಕುಲದೈವ, ನಂಟಸ್ತಿಕೆಗಳ ವಿಚಾರಣೆಯೇ ಗತಿ. ಅದಾದರೂ ಏಕೈಕ ಒರೆಗಲ್ಲಲ್ಲವೆಂದು 2023ರಲ್ಲಿ ಸರ್ವೋಚ್ಚ ನ್ಯಾಯಾಲಯವು ಹೇಳಿದೆ, ಏಕೆಂದರೆ ವಲಸೆಯಿಂದಲೂ ಶಿಕ್ಷಣದಿಂದಲೂ ಆಚಾರಗಳು ಮಾರ್ಪಡುವುವು.

ಹೀಗೆ ಸ್ಥಳ, ಹೆಸರು, ವಂಶ ಎಂಬ ಮೂರು ಅಳತೆಗಳಿಂದ ಈ ನ್ಯಾಯಮಾನವು ರೂಪುಗೊಂಡಿದೆ. ಇವುಗಳಲ್ಲಿ ಸ್ಥಳವೆಂಬುದು ಆಳುವವರು ಎಳೆದ ಗೆರೆ. ಹೆಸರು ಬರೆಹಗಾರನ ಲೇಖನಿಗೆ ಸಿಕ್ಕ ರೂಪ. ವಂಶವೊಂದೇ ಅರ್ಜಿದಾರನ ಸ್ವಂತದ್ದು. ಅದನ್ನು ತೋರಿಸುವ ಕಾಗದ ಮಾತ್ರ ಪರರ ದಫ್ತರದಲ್ಲಿರುವುದು. ಕೊರ್ಲಹಳ್ಳಿಯಂಥ ಗಡಿಯೂರುಗಳ ದಾಖಲೆಗಳನ್ನು ಓದುವ ಅಧಿಕಾರಿಯೂ ಇತಿಹಾಸಕಾರನೂ ಸಮಾನವಾಗಿ ನೆನೆಯಬೇಕಾದುದು ಇದನ್ನೇ.