‘ನ’ದಿಂದ ‘ಣ’ದವರೆಗೆ: ನಾಲಿಗೆಯೊಳಗಿನ ನರೋಣಾ

ಕಲಬುರಗಿ ಜಿಲ್ಲೆಯ ‘ನರೋಣಾ’ ಎಂಬ ಊರಿನ ಹೆಸರನ್ನು ಒಮ್ಮೆ ನಿಧಾನವಾಗಿ ಹೇಳಿ ನೋಡಿ. ‘ನ’ ಎನ್ನುವಾಗ ನಾಲಿಗೆಯ ತುದಿ ಮೇಲಿನ ಹಲ್ಲುಗಳ ಹಿಂಬದಿಗೆ ತಾಗುತ್ತದೆ. ‘ರೋ’ ಬಂದಾಗ ತುಟಿ ದುಂಡಗಾಗುತ್ತದೆ. ‘ಣಾ’ಕ್ಕೆ ಅದೇ ತುದಿ ಮೇಲಕ್ಕೆ ಮಡಚಿ ಅಂಗುಳ ಮುಟ್ಟುತ್ತದೆ. ಈ ಚಳಕವನ್ನು ಯಾವ ಶಾಲೆಯೂ ಕಲಿಸಿದ್ದಲ್ಲ.

ಇಂಥ ಸೂಕ್ಷ್ಮ ಭೇದ ಹಿಡಿಯುವ ಕಿವಿ ಎಲ್ಲ ನಾಡಿನ ಕೂಸುಗಳಿಗೂ ಇರುತ್ತದೆ. 1984ರಲ್ಲಿ ಪ್ರಕಟವಾದ ಜಾನೆಟ್ ವರ್ಕರ್ ಮತ್ತು ರಿಚರ್ಡ್ ಟೀಸ್ ಅವರ ಅಧ್ಯಯನದಲ್ಲಿ ಇಂಗ್ಲಿಷ್ ಮನೆಗಳ 6–8 ತಿಂಗಳ ಕೂಸುಗಳು ಹಿಂದಿಯ ‘ತ’ಕಾರ, ‘ಟ’ಕಾರಗಳನ್ನು ಬೇರೆಯಾಗಿ ಗುರುತಿಸಿದವು, 10–12 ತಿಂಗಳ ಹೊತ್ತಿಗೆ ಆ ಶಕ್ತಿ ಬಹುಪಾಲು ಕುಂದಿತ್ತು. ಕಿವಿಗೆ ಬೀಳದ ಭೇದವನ್ನು ಮಿದುಳು ಬಿಟ್ಟುಕೊಡುತ್ತದೆ, ಬಿದ್ದದ್ದನ್ನು ಗಟ್ಟಿಮಾಡಿಕೊಳ್ಳುತ್ತದೆ. ಹೆಚ್ಚಿನವರಲ್ಲಿ ಭಾಷೆಯ ಕೆಲಸ ಮುಖ್ಯವಾಗಿ ಮಿದುಳಿನ ಎಡಭಾಗದ್ದು.

ನರೋಣಾ ಇರುವ, ಮಹಾರಾಷ್ಟ್ರ ಗಡಿಯ ಆಳಂದ ತಾಲ್ಲೂಕಿನಲ್ಲಿ ಕನ್ನಡ, ಮರಾಠಿ, ಉರ್ದು, ಲಂಬಾಣಿ ನುಡಿಗಳು ಕೇಳಿಸುತ್ತವೆ. ಎರಡು ಮೂರು ಭಾಷೆ ಮಗುವಿಗೆ ಹೊರೆಯಲ್ಲ, ಅದು ಈ ನೆಲದ ಭಾಗ್ಯ. ಇದೇ ಜಿಲ್ಲೆಯ ಮಳಖೇಡದಿಂದ ಆಳಿದ ನೃಪತುಂಗನ ಕಾಲದ ‘ಕವಿರಾಜಮಾರ್ಗ’, ಓದು ಕಲಿಯದವರಲ್ಲೂ ಕಾವ್ಯದ ಬುದ್ಧಿಯಿದೆ ಎಂದು 9ನೇ ಶತಮಾನದಲ್ಲೇ ಗುರುತಿಸಿತ್ತು.

ತೊಟ್ಟಿಲ ಕೂಸಿನ ಜೊತೆ ನಿಮ್ಮ ಮನೆಮಾತಿನಲ್ಲಿ ದಿನವೂ ಮಾತಾಡಿ. ಮಾತಿನ ಕಲಿಕೆಗೆ ಕಿವಿಯೇ ಬಾಗಿಲಾದ್ದರಿಂದ, ದೊಡ್ಡ ಸಪ್ಪಳಕ್ಕೂ ಬೆಚ್ಚದ ಕೂಸನ್ನು ತಡಮಾಡದೆ ಕಿವಿ ಪರೀಕ್ಷೆಗೆ ಕರೆದೊಯ್ಯಿರಿ.